ಮಾತು ಬಿಟ್ಟವರ ಕಪ್

ನಾನು ಪೆನೆದೊ ಆಲ್ತೊ ಎಂಬ ಬೆಟ್ಟದೂರಿನ ಅಂಚೆಯವನು, ಹೆಸರು ಅದೆರಿತೊ. ವಾರಕ್ಕೆ ಐದು ದಿನ ಊರಿನ ಏರುದಾರಿಗಳಲ್ಲಿ ಕಾಗದ ಹಂಚುತ್ತೇನೆ, ಭಾನುವಾರ ಊರಿನ ಕ್ಲಬ್ಬಿಗೆ ಫುಟ್‌ಬಾಲ್ ಆಡುತ್ತೇನೆ. ನನ್ನ ಜಾಗ ರಕ್ಷಣಾ ಸಾಲಿನ ನಡುಮಧ್ಯ. ನನ್ನ ಬೆನ್ನ ಹಿಂದೆ ಗೋಲ್‌ಕೀಪರ್ ಬೆಲ್ಮಿರೊ, ಎಡಕ್ಕೆ ನಾಯಕ ಜೆಫೆರಿನೊ. ಬೆಲ್ಮಿರೊನದು ಬ್ರೆಡ್ಡಿನ ಅಂಗಡಿ. ಜೆಫೆರಿನೊನದು ಅದರ ಎದುರಿಗೇ ಮಾಂಸದ ಅಂಗಡಿ. ಜೆಫೆರಿನೊನ ಅಕ್ಕ ಗ್ರಾಸಿಯೆತ್‌ಳನ್ನು ಬೆಲ್ಮಿರೊ ಮದುವೆಯಾಗಿದ್ದಾನೆ. ಇಷ್ಟೆಲ್ಲ ನಂಟಿದ್ದೂ ಭಾವ ಮೈದುನ ಇಬ್ಬರೂ ಒಂಬತ್ತು ವರ್ಷದಿಂದ ಒಬ್ಬರಿಗೊಬ್ಬರು ಮಾತಾಡುತ್ತಿರಲಿಲ್ಲ.

ಕಾರಣ ಇಷ್ಟೆ. ಜನವರಿಯಲ್ಲಿ ಹಂದಿ ಕಡಿಯುವ ದಿನ, ಮೂವತ್ತು ಜನ ನೆಂಟರು ಊಟಕ್ಕೆ ಕೂತಿದ್ದಾಗ, ಜೆಫೆರಿನೊ ತಾನೇ ಹೊಗೆಗೆ ಹಾಕಿ ಒಣಗಿಸಿದ ಸಾಸೇಜನ್ನು ಬಡಿಸಿದ. ಬೆಲ್ಮಿರೊ ಒಂದು ತುಂಡು ಬಾಯಿಗಿಟ್ಟು, "ಉಪ್ಪು ಒಂಚೂರು ಮುಂದಾಯ್ತು" ಎಂದ.

"ನಿನ್ನ ಬ್ರೆಡ್ ಜೊತೆ ತಿನ್ನು, ಸರಿ ಹೋಗುತ್ತೆ. ಅದನ್ನ ಗೋಡೆ ಕಟ್ಟೋಕೆ ಮಾತ್ರ ಬಳಸ್ತಾರೆ ಅಂದ್ಕೊಂಡಿದ್ದೆ," ಎಂದ ಜೆಫೆರಿನೊ.

ಅಲ್ಲಿಗೆ ಮುಗಿಯಿತು. ಮನೆಯಲ್ಲಿ ಗ್ರಾಸಿಯೆತ್, ಮೈದಾನದಲ್ಲಿ ನಾನು. ನಮ್ಮಿಬ್ಬರ ಮೂಲಕವೇ ಅವರ ವ್ಯವಹಾರ.

"ಅದೆರಿತೊ, ಆ ಮುಟ್ಠಾಳನಿಗೆ ಹೇಳು, ಹನ್ನೊಂದನೇ ನಂಬರಿನವನ ಹಿಂದೆ ಹೋಗ್ಲಿ ಅಂತ," ಎಂದು ಹಿಂದಿನಿಂದ ಬೆಲ್ಮಿರೊ ಕೂಗುತ್ತಿದ್ದ. ನಾನು ಎಡಕ್ಕೆ ತಿರುಗಿ, "ನಾಯಕರೇ, ಹನ್ನೊಂದನ್ನ ಸ್ವಲ್ಪ ನೋಡ್ಕೋಬೇಕಂತೆ," ಎನ್ನುತ್ತಿದ್ದೆ. "ಆ ಹಿಟ್ಟಿನ ಮೂಟೆಗೆ ಹೇಳು, ನಂಗೂ ಕಣ್ಣಿದೆ ಅಂತ," ಎಂದು ಜೆಫೆರಿನೊ ಗುರುಗುಡುತ್ತಿದ್ದ. ನಾನು ಹಿಂದಕ್ಕೆ ತಿರುಗಿ, "ಆಗ್ಲಿ ಅಂದ್ರು," ಎನ್ನುತ್ತಿದ್ದೆ. ಮಾತನ್ನು ಹೀಗೆ ಸೋಸಿ ಸೋಸಿ ದಾಟಿಸುವುದರಲ್ಲಿ ನನಗೆ ಉಸಿರು ಹೋಗುತ್ತಿತ್ತೇ ಹೊರತು ಓಡಿದ್ದಕ್ಕಲ್ಲ.

ನಮ್ಮದು ಮೂರನೇ ದರ್ಜೆಯ ಕ್ಲಬ್ಬು. ತರಬೇತಿ ಕೊಡುತ್ತಿದ್ದವರು ಊರಿನ ಶಾಲೆಯ ವ್ಯಾಯಾಮದ ಟೀಚರ್ ಎರ್ಮೆಲಿಂದಾ. ಕೊರಳಲ್ಲಿ ಸೀಟಿ, ಕೈಯಲ್ಲಿ ಹಾಜರಿ ಪುಸ್ತಕ. ನಮ್ಮಲ್ಲಿ ಅರ್ಧ ಜನ ಅವರ ಹಳೆಯ ವಿದ್ಯಾರ್ಥಿಗಳೇ ಆದ್ದರಿಂದ ಎದುರು ಮಾತಾಡುವ ಪ್ರಶ್ನೆಯೇ ಇರಲಿಲ್ಲ. ದೇಶದ ಕಪ್ ಪಂದ್ಯಾವಳಿಯಲ್ಲಿ ಮೊದಲೆರಡು ಸುತ್ತು ನಮ್ಮಂಥವರನ್ನೇ ಸೋಲಿಸಿ ದಾಟಿದೆವು. ಮೂರನೇ ಸುತ್ತಿಗೆ ಚೀಟಿ ಎತ್ತಿದಾಗ ಮೊದಲ ದರ್ಜೆಯ ತಂಡವೊಂದು ಬಂತು, ಅದೂ ನಮ್ಮ ಮೈದಾನಕ್ಕೆ.

ನಮ್ಮ ಮೈದಾನ ಬೆಟ್ಟದ ಪಕ್ಕೆಯಲ್ಲಿದೆ. ಒಂದು ಗೋಲು ಇನ್ನೊಂದಕ್ಕಿಂತ ಎರಡಾಳು ಎತ್ತರ. ಬಂದವರ ತರಬೇತುದಾರ ಅಂಚಿನಲ್ಲಿ ನಿಂತು ನೋಡಿ, "ಇದರಲ್ಲಿ ಆಡೋದಾ, ಹತ್ತೋದಾ?" ಎಂದು ಕೇಳಿದ.

"ಮೊದಲರ್ಧ ಹತ್ತಿ, ಆಮೇಲೆ ಇಳೀರಿ," ಎಂದರು ಟೀಚರ್.

ಅವರು ಮೊದಲರ್ಧ ಹತ್ತಿದರು. ಇಳಿಯುವ ಹೊತ್ತಿಗೆ ಅವರ ಕಾಲಲ್ಲಿ ಜೀವ ಉಳಿದಿರಲಿಲ್ಲ. ನಮ್ಮ ಮುಂಚೂಣಿಯ ಆಟಗಾರ, ಟ್ರ್ಯಾಕ್ಟರ್ ರಿಪೇರಿಯ ಜಿಲ್ದೊ, ಕೆಳಗಿನಿಂದ ಮೇಲಕ್ಕೆ ಒದ್ದು ಎರಡು ಗೋಲು ಹೊಡೆದ. ಅವನು ಹುಟ್ಟಿದಾಗಿನಿಂದ ಆ ಏರಿನಲ್ಲೇ ಒದ್ದವನು.

ಮುಂದಿನ ಎರಡು ಸುತ್ತು ಹೇಗೋ ಕಳೆಯಿತು. ಕ್ವಾರ್ಟರ್ ಫೈನಲ್ ಪೆನಾಲ್ಟಿಗೆ ಹೋಯಿತು. ಬೆಲ್ಮಿರೊ ಬೆಳಗಿನ ಜಾವ ಮೂರಕ್ಕೆ ಎದ್ದು ಹಿಟ್ಟು ನಾದಿ ಬಂದಿದ್ದ. ಎದುರಾಳಿಯ ಕೊನೆಯ ಆಟಗಾರ ಚೆಂಡನ್ನು ಚುಕ್ಕೆಯ ಮೇಲಿಟ್ಟು, ಎರಡು ಹೆಜ್ಜೆ ಹಿಂದೆ ಸರಿದು ಗೋಲಿನತ್ತ ನೋಡಿದರೆ, ನಮ್ಮವನು ಬಾಯಿ ಅಗಲ ಮಾಡಿ ಆಕಳಿಸುತ್ತಿದ್ದಾನೆ. ನಾಟಕವಲ್ಲ, ನಿಜವಾದ ಆಕಳಿಕೆ, ಕಣ್ಣಲ್ಲಿ ನೀರು ಬರುವಂಥದ್ದು. ಒದೆಯುವವನಿಗೆ ರೇಗಿತು. ರೇಗಿದ ಸಿಟ್ಟಿಗೆ ಒದ್ದ ಚೆಂಡು ಗೋಲಿನ ಮೇಲೆ ಹಾರಿ, ಬೇಲಿ ದಾಟಿ, ಪಾದ್ರಿಯವರ ಎಲೆಕೋಸಿನ ಮಡಿಗೆ ಬಿತ್ತು.

"ಆ ಹಿಟ್ಟಿನ ಮೂಟೆಗೆ ಹೇಳು, ನಿದ್ದೆಗೆಟ್ಟಿದ್ದಕ್ಕೂ ಒಂದು ಪ್ರಯೋಜನ ಆಯ್ತು ಅಂತ," ಎಂದ ಜೆಫೆರಿನೊ. ಒಂಬತ್ತು ವರ್ಷದಲ್ಲಿ ಅವನ ಬಾಯಿಂದ ಬಂದ ಅತಿ ಒಳ್ಳೆಯ ಮಾತು ಅದು. ನಾನು ಸೋಸದೆ ಹಾಗೇ ತಲುಪಿಸಿದೆ. ಬೆಲ್ಮಿರೊ ಇನ್ನೊಮ್ಮೆ ಆಕಳಿಸಿದ.

ಸೆಮಿಫೈನಲ್ಲಿನ ಮೊದಲ ಪಂದ್ಯ ಎದುರಾಳಿಗಳ ಊರಲ್ಲಿ, ಗೋಲಿಲ್ಲದೆ ಮುಗಿಯಿತು. ಎರಡನೆಯದಕ್ಕೆ ನಮ್ಮ ಬೆಟ್ಟಕ್ಕೆ ಮಂಜು ಇಳಿಯಿತು. ನಾವು ಗೆದ್ದೆವು ಎಂದು ಪ್ರೇಕ್ಷಕರಿಗೆ ತಿಳಿದದ್ದು ರೆಫರಿಯ ಸೀಟಿಯಿಂದ. ಗೋಲು ಹೊಡೆದದ್ದು ತಾನೆಂದು ನಮ್ಮಲ್ಲಿ ನಾಲ್ಕು ಜನ ಇವತ್ತಿಗೂ ಹೇಳುತ್ತಾರೆ.

ಹೀಗೆ ಮೇ ತಿಂಗಳ ಒಂದು ಭಾನುವಾರ ಇಡೀ ಪೆನೆದೊ ಆಲ್ತೊ ಹದಿನಾಲ್ಕು ಬಸ್ಸುಗಳಲ್ಲಿ ಫೈನಲ್ಲಿಗೆಂದು ಲಿಸ್ಬನ್ ಪಕ್ಕದ ಜಾಮೋರಿಗೆ ಇಳಿಯಿತು. ಕ್ರೀಡಾಂಗಣದ ಸುತ್ತಲಿನ ಪೈನ್ ತೋಪಿನಲ್ಲಿ ಬೆಳಗಿನಿಂದಲೇ ಒಲೆ ಹೂಡಿ, ಮೀನು ಸುಟ್ಟು, ಇಡೀ ಹಂದಿಮರಿ ಹುರಿದು, ವೈನಿನ ದೊಡ್ಡ ಬಾಟಲಿಗಳನ್ನು ನೆರಳಿಗಿಟ್ಟು, ಎದುರಾಳಿಗಳ ಕಡೆಯವರನ್ನೂ ಕೂರಿಸಿಕೊಂಡು ತಿನ್ನಿಸಿದರು. ಎದುರಾಳಿ ಲಿಸ್ಬನ್ನಿನ ದೊಡ್ಡ ಕ್ಲಬ್ಬು. ಅವರ ಒಬ್ಬ ಆಟಗಾರನ ಬೆಲೆಗೆ ನಮ್ಮ ಊರು, ಬೆಟ್ಟ, ಕುರಿ ಎಲ್ಲ ಸೇರಿ ಬರುತ್ತಿತ್ತು. ಗ್ರಾಸಿಯೆತ್ ಒಲೆ ಬಿಟ್ಟು ಬಂದು ನನ್ನ ಕೈ ಹಿಡಿದಳು.

"ಅದೆರಿತೊ, ಸೋತ್ರೂ ಪರವಾಗಿಲ್ಲ ಕಣೋ. ಸೋತಿದ್ದು ಯಾರಿಂದ ಅಂತ ಅವರಿಬ್ರೂ ಹೇಳಿ ಕಳಿಸೋದನ್ನ ಮಾತ್ರ ನನ್ ತನಕ ತರಬೇಡ."

ಹೊರಡುವ ಮುಂಚೆ ಟೀಚರ್ ಹಾಜರಿ ಕರೆದರು. ಹನ್ನೊಂದೂ ಜನ "ಇದ್ದೀನಿ ಮಿಸ್" ಎಂದೆವು. "ಹೆದರಿಕೆ ಆಗುತ್ತಿದ್ರೆ ಆಗಲಿ, ಓಡೋವಾಗ ಜೊತೆಗೇ ಓಡುತ್ತೆ," ಎಂದರು, ಅಷ್ಟೆ.

ಇಪ್ಪತ್ತನೇ ನಿಮಿಷಕ್ಕೆ ಲಿಸ್ಬನ್ನಿನವರು ಒಂದು ಗೋಲು ಹಾಕಿದರು. ಹಾಫ್‌ಟೈಮಿಗೆ ಸ್ವಲ್ಪ ಮುಂಚೆ ಜಿಲ್ದೊ ಒದ್ದ ಚೆಂಡು ಅವರದೇ ಒಬ್ಬನ ಮಂಡಿಗೆ ಬಡಿದು ದಿಕ್ಕು ತಪ್ಪಿ ಒಳಗೆ ಹೋಯಿತು. ಇಬ್ಬರದೂ ಒಂದೊಂದು ಗೋಲು. ಅಲ್ಲಿಯವರೆಗೆ ನನ್ನ ಅಂಚೆ ಸೇವೆ ಸಾಂಗವಾಗಿಯೇ ನಡೆದಿತ್ತು. ಎರಡನೇ ಅರ್ಧದಲ್ಲಿ ಅವರು ಸಮುದ್ರದ ಅಲೆಯ ಹಾಗೆ ಬಂದರು. ಮಾತು ಸೋಸಲು ನನಗೆ ಪುರುಸೊತ್ತು ಸಿಗಲಿಲ್ಲ. "ಕತ್ತೆಗೆ ಹೇಳು, ಎಡಕ್ಕೆ ನೋಡ್ಲಿ!" ಎಂದು ಬೆಲ್ಮಿರೊ ಕಿರುಚಿದ. ನಾನೂ ಎಡಕ್ಕೆ ತಿರುಗಿ, "ಏ ಕತ್ತೆ, ಎಡಕ್ಕೆ ನೋಡು!" ಎಂದು ಕಿರುಚಿದೆ. ಜೆಫೆರಿನೊಗೂ ನನಗೂ ನಡುವೆ ಆ ಕ್ಷಣ ರೆಫರಿ ನಿಂತಿದ್ದ.

"ಏನಂದೆ?"

"ನಿಮಗಲ್ಲ ಸ್ವಾಮಿ. ನಮ್ಮ ನಾಯಕನಿಗೆ ಅಂದಿದ್ದು."

"ನಿಮ್ಮ ನಾಯಕನಿಗೆ ನೀನು ಕತ್ತೆ ಅಂತೀಯಾ?"

"ನಾನಲ್ಲ ಸ್ವಾಮಿ, ಗೋಲ್‌ಕೀಪರ್ ಅಂದಿದ್ದು. ನಾನು ತಲುಪಿಸ್ದೆ ಅಷ್ಟೆ."

ಹಳದಿ ಕಾರ್ಡು. ಹತ್ತು ನಿಮಿಷ ಕಳೆದ ಮೇಲೆ ಅವರ ಒಂಬತ್ತನೇ ನಂಬರಿನವನು ನನ್ನನ್ನು ದಾಟಿ ನುಗ್ಗಿದ. ನಾನು ಅವನ ಅಂಗಿ ಹಿಡಿದೆಳೆದೆ. ಅಂಗಿ ನನ್ನ ಕೈಗೆ ಅರ್ಧ ಬಂತು. ಎರಡನೇ ಹಳದಿ, ಅದರ ಹಿಂದೆಯೇ ಕೆಂಪು.

ನಾನು ತಲೆ ತಗ್ಗಿಸಿ ಹೊರಟರೆ ಎರಡೂ ಕಡೆಯಿಂದ ಕೂಗು. "ಅದೆರಿತೊ, ಹೋಗೋ ಮುಂಚೆ ಅವನಿಗೆ ಹೇಳು, ಫ್ರೀ ಕಿಕ್ಕಿಗೆ ಅಡ್ಡ ಗೋಡೆಯಾಗಿ ನಿಲ್ಲೋಕೆ ನಾಲ್ಕು ಜನ ಬೇಕು!" "ಅದೆರಿತೊ, ಐದು ಜನ ಅಂತ ಅವನಿಗೆ ಹೇಳು!"

ನಾನು ನಿಂತುಬಿಟ್ಟೆ. ಹದಿಮೂರು ವರ್ಷ ಅಂಚೆ ಹಂಚಿದ್ದೇನೆ, ಒಂದು ಕಾಗದವನ್ನೂ ವಾಪಸ್ ತಂದವನಲ್ಲ. ಆದರೆ ಅವತ್ತು ಒಳಗಿನಿಂದ ಏನೋ ಕಿತ್ತು ಬಂತು.

"ನೀವೇ ಹೇಳ್ಕೊಳ್ರೋ! ನನ್ನ ಕೆಲಸ ಮುಗೀತು!"

ಡ್ರೆಸ್ಸಿಂಗ್ ರೂಮಿಗೆ ಹೋಗುವ ದಾರಿಯ ಬಾಯಲ್ಲಿ ಒಬ್ಬ ಪೊಲೀಸಿನವನು ನಿಂತಿದ್ದ. ಅವನ ಭುಜದ ಮೇಲಿಂದ ಇಣುಕಿದೆ. ಅಲ್ಲಿಂದ ನನಗೆ ಕೇಳಿಸಿದ್ದು ಅರ್ಧ. ಉಳಿದದ್ದನ್ನು ಆಮೇಲೆ ನಮ್ಮ ಹುಡುಗರು ಅಕ್ಷರ ಬಿಡದೆ ಹೇಳಿದರು.

ಫ್ರೀ ಕಿಕ್ಕಿಗೆ ಗೋಡೆ ನಿಲ್ಲಬೇಕಿತ್ತು. ಬೆಲ್ಮಿರೊ ಸುತ್ತ ನೋಡಿದ, ನಾನಿಲ್ಲ. ರೆಫರಿಯನ್ನೇ ಕರೆದ. "ಸ್ವಾಮಿ, ಆ ಮನುಷ್ಯನಿಗೆ ಒಂದು ಹೆಜ್ಜೆ ಬಲಕ್ಕೆ ಸರೀಬೇಕು ಅಂತ ಹೇಳ್ತೀರಾ?"

"ನಾನೇನು ನಿಮ್ಮನೆ ಆಳಾ?" ಎಂದ ರೆಫರಿ.

ಯಾರೂ ಸರಿಯಲಿಲ್ಲ. ಚೆಂಡು ಗೋಡೆಯ ಪಕ್ಕದಿಂದ ತೂರಿ ಬಂದು ಕಂಬಕ್ಕೆ ಬಡಿದು ಮತ್ತೆ ಆಟದೊಳಕ್ಕೇ ಚಿಮ್ಮಿತು. ಕಂಬ ಇನ್ನೂ ಗುಂಯ್ಗುಡುತ್ತಿತ್ತು, ಜೆಫೆರಿನೊ ತಿರುಗಿದ. ಮುಖವೆಲ್ಲ ಕೆಂಪು.

"ಭಾವಾ! ಬಲಕ್ಕೆ ಸರಿ ಅಂತ ಬಾಯಿ ಬಿಟ್ಟು ಹೇಳೋಕೆ ನಿಂಗೇನು ಗರ ಬಡಿದಿದ್ಯಾ?"

"ಹೇಳಿದ್ರೆ ಕೇಳೋ ಜಾತಿಯವನಾ ನೀನು? ಏಳನೇ ನಂಬರಿನವನು ಬರ್ತಿದ್ದಾನೆ, ನೋಡು ಆ ಕಡೆ!"

"ನೋಡ್ದೆ! ಒಂಬತ್ತು ವರ್ಷ, ಭಾವ! ಅಮ್ಮ ಹೋದಾಗ್ಲೂ ಬರಲಿಲ್ಲ ನೀನು!"

"ಬಂದಿದ್ದೆ ಕಣೋ! ಒಳಗೆ ಬಿಡಬೇಡ ಅವನ್ನ, ಅಂಚಿಗೆ ತಳ್ಳು! ಸ್ಮಶಾನದ ಗೇಟ್ ಹತ್ರ, ಸೈಪ್ರೆಸ್ ಮರದ ಹಿಂದೆ ನಿಂತಿದ್ದೆ!"

"ಅಕ್ಕ ಹೇಳಿದ್ಲು. ನಿನ್ನ ಮಾನ ಉಳಿಸೋಕೆ ಸುಳ್ಳು ಹೇಳ್ತಿದ್ದಾಳೆ ಅಂದ್ಕೊಂಡೆ."

"ನೀನು ಅಳ್ತಿದ್ದೆ. ಮುಂದೆ ಬಂದ್ರೆ ಅಲ್ಲೇ ಜಗಳ ಆಗುತ್ತೆ ಅಂತ ಬರಲಿಲ್ಲ. ನಿಮ್ಮಮ್ಮ ನಂಗೆ ದಿನಾ ಒಂದು ಮೊಟ್ಟೆ ಎತ್ತಿಡ್ತಿದ್ರು ಕಣೋ... ಹಿಂದೆ! ಹಿಂದೆ ಒಂಬತ್ತು!"

ಅವರ ಒಂಬತ್ತನೇ ನಂಬರಿನವನು, ಹೊಸ ಅಂಗಿ ತೊಟ್ಟವನು, ಗೋಲಿನ ಮುಂದೆ ಚೆಂಡಿಗಾಗಿ ಕಾಯುತ್ತಿದ್ದವನು ಈ ಮಾತು ಕೇಳುತ್ತ ಆಟ ಮರೆತು ನಿಂತಿದ್ದ. "ಪಾಪ, ಯಾವಾಗ ಹೋದ್ರು ಅವರು?" ಎಂದು ಕೇಳಿಯೇ ಬಿಟ್ಟ. ಅಷ್ಟರಲ್ಲಿ ಜೆಫೆರಿನೊ ಅವನ ಕಾಲ ಮುಂದಿನಿಂದ ಚೆಂಡು ಕಸಿದುಕೊಂಡು ಹೋದ.

ಅಲ್ಲಿಂದ ಮುಂದೆ ಇಬ್ಬರೂ ಬಾಯಿ ಮುಚ್ಚಲಿಲ್ಲ. ಒಂಬತ್ತು ವರ್ಷದ ಬಾಕಿ ಮಾತು, ಸಾಸೇಜು, ಬ್ರೆಡ್ಡು, ಯಾರೋ ಕೊಟ್ಟು ಮರೆತ ಏಣಿ, ಹೇಳದೆ ಬಿಟ್ಟ ಹುಟ್ಟುಹಬ್ಬ, ಎಲ್ಲವೂ ಹೊರಬಂತು. ನಡುನಡುವೆ "ಎಡಕ್ಕೆ", "ಬಿಡು", "ಹೊರಗೆ ಒದಿ" ಎಂಬ ಮಾತು. ನಾನು ದಾಟಿಸುವಾಗ ಹಿಡಿಯುತ್ತಿದ್ದ ಎರಡು ಸೆಕೆಂಡು ಈಗ ಉಳಿಯುತ್ತಿತ್ತು. ಹತ್ತೇ ಜನರಿದ್ದರೂ ನಮ್ಮ ರಕ್ಷಣೆ ಅಷ್ಟು ಗಟ್ಟಿಯಾಗಿ ಯಾವತ್ತೂ ನಿಂತಿರಲಿಲ್ಲ. ಇದನ್ನು ಒಪ್ಪಿಕೊಳ್ಳಲು ನನಗೆ ಸ್ವಲ್ಪ ಸಂಕಟವೇ ಆಯಿತು.

"ಇವರಿಬ್ರೂ ಅಣ್ಣತಮ್ಮಂದಿರಾ?" ಎಂದು ಪೊಲೀಸಿನವನು ಕೇಳಿದ.

"ಭಾವ ಮೈದುನ."

"ಹಾಗನ್ನಿ ಮತ್ತೆ," ಎಂದು ಅವನು ತಲೆದೂಗಿದ. ಅವನ ಮನೆಯಲ್ಲೂ ಏನೋ ಇದ್ದಿರಬೇಕು.

ಎಂಬತ್ತೆಂಟನೇ ನಿಮಿಷಕ್ಕೆ ನಮಗೊಂದು ಕಾರ್ನರ್ ಸಿಕ್ಕಿತು. ಜೆಫೆರಿನೊ ಎಂದೂ ಮುಂದೆ ಹೋಗುವವನಲ್ಲ. ಮೂವತ್ತೇಳು ವರ್ಷ, ಮಂಡಿ ಎರಡೂ ಕಿರುಗುಟ್ಟುತ್ತಿದ್ದವು.

"ಹೋಗೋ ಮುಂದೆ! ಅಷ್ಟು ದೊಡ್ಡ ತಲೆ ದೇವರು ಯಾಕೆ ಕೊಟ್ಟಿದ್ದಾನೆ?" ಎಂದ ಬೆಲ್ಮಿರೊ.

"ಇಲ್ಲಿ ಯಾರಿರ್ತಾರೆ?"

"ನಾನಿಲ್ವೇನೋ!"

ಜೆಫೆರಿನೊ ಒಂದು ಕ್ಷಣ ಭಾವನ ಮುಖ ನೋಡಿದ. ಆಮೇಲೆ ಓಡಿದ. ಚೆಂಡು ಎತ್ತರದಲ್ಲಿ ಬಂತು, ಅವನು ಹಾರಿದ, ಅಥವಾ ಹಾರಲು ಯತ್ನಿಸಿದ. ತಲೆ ತಪ್ಪಿತು. ಚೆಂಡು ಅವನ ಬಲಗಿವಿಗೆ ಬಡಿದು, ನೆಲಕ್ಕೆ ಕುಪ್ಪಳಿಸಿ, ಅವರ ಗೋಲ್‌ಕೀಪರನ ಕೈಯಡಿಯಿಂದ ನುಸುಳಿತು.

ಪೈನ್ ಮರಗಳ ಮೇಲಿದ್ದ ಹಕ್ಕಿಗಳೆಲ್ಲ ಎದ್ದು ಹಾರಿದವು. ನಾನು ಪೊಲೀಸಿನವನನ್ನು ಅಪ್ಪಿಕೊಂಡಿದ್ದೆ. ಅವನು ಲಿಸ್ಬನ್ನಿನವನು, ದೊಡ್ಡ ಕ್ಲಬ್ಬಿನ ಕಡೆಯವನು. ಆದರೂ ಬಿಡಿಸಿಕೊಳ್ಳಲಿಲ್ಲ.

ಉಳಿದ ಐದಾರು ನಿಮಿಷ ನಾನು ಕಣ್ಣು ಮುಚ್ಚಿಕೊಂಡಿದ್ದೆ. ಕೊನೆಗೆ ಒಮ್ಮೆ ತೆರೆದಾಗ, ಅವರ ಒಂಬತ್ತನೇ ನಂಬರಿನವನು ಹತ್ತಿರದಿಂದ ಒದ್ದ ಚೆಂಡು ಬೆಲ್ಮಿರೊನ ಕಾಲುಗಳ ನಡುವೆ ಹೋಗುತ್ತಿತ್ತು. ನಮ್ಮವನು ಬಾಗಲಿಲ್ಲ, ಬೀಳಲಿಲ್ಲ, ಇದ್ದಲ್ಲೇ ದೊಪ್ಪನೆ ಕೂತುಬಿಟ್ಟ. ಚೆಂಡು ಅವನಡಿ ಸಿಕ್ಕಿಕೊಂಡಿತು. ಆಟ ಮುಗಿದ ಸೀಟಿ ಮೊಳಗಿತು. ಜನ ಬಂದು ಎಬ್ಬಿಸುವ ತನಕ ಅವನು ಅದರ ಮೇಲೆಯೇ ಕೂತಿದ್ದ.

ಕಪ್ಪನ್ನು ತೆಗೆದುಕೊಳ್ಳಲು ಜಾಮೋರಿನಲ್ಲಿ ಪ್ರೇಕ್ಷಕರ ನಡುವಿನ ಮೆಟ್ಟಿಲುಗಳನ್ನು ಹತ್ತಿ ಹೋಗಬೇಕು. ಅರ್ಧಕ್ಕೆ ಜೆಫೆರಿನೊನ ಮಂಡಿ ಹಿಡಿದುಕೊಂಡಿತು. ಬೆಲ್ಮಿರೊ ಹಿಂದಿನಿಂದ ಎರಡೂ ಕೈಯಲ್ಲಿ ತಳ್ಳಿದ. "ಮಾಂಸದ ಅಂಗಡಿಯಲ್ಲಿ ಇಷ್ಟು ತಿಂದ್ರೆ ಇನ್ನೇನಾಗುತ್ತೆ?" ಎಂದ. ಮೇಲೆ ಹೋಗಿ ನಾಯಕ ಕಪ್ ಎತ್ತಿ ಹಿಡಿದಾಗ ಟೀಚರ್ ಎರ್ಮೆಲಿಂದಾ ಸೀಟಿ ಊದಿದರು. ಅದು ಅಳು ತಡೆಯಲು ಎಂದು ನಮಗೆಲ್ಲ ಗೊತ್ತಾಯಿತು.

ಕಪ್ ಈಗ ಊರಿನ ಕೆಫೆಯಲ್ಲಿದೆ. ಮುಂದಿನ ವರ್ಷ ನಾವು ಮೊದಲ ಸುತ್ತಿನಲ್ಲೇ ಸೋತೆವು. ಅದರ ಬಗ್ಗೆ ಯಾರಿಗೂ ಬೇಸರವಿಲ್ಲ.

ಮೊನ್ನೆ ಗ್ರಾಸಿಯೆತ್‌ಳ ಮನೆಗೆ ವಿದ್ಯುತ್ ಬಿಲ್ಲು ಕೊಡಲು ಹೋಗಿದ್ದೆ. ಒಳಗಿನಿಂದ ಇಬ್ಬರು ಗಂಡಸರ ದನಿ ಬೀದಿಗೆ ಕೇಳಿಸುತ್ತಿತ್ತು. ಫೈನಲ್ಲಿನ ಆ ಮೊದಲ ಗೋಲು ಯಾರ ತಪ್ಪು ಎಂಬ ವಿಷಯ. ಅವಳು ಬಾಗಿಲಿಗೆ ಬಂದು, ಬಿಲ್ಲು ತೆಗೆದುಕೊಂಡು, ಬಾಗಿಲನ್ನು ಹಿಂದಿನಿಂದ ಎಳೆದುಕೊಂಡಳು.

"ತಮ್ಮ ದಿನಾ ಊಟಕ್ಕೆ ಬರ್ತಾನೆ. ಬಂದ ಕ್ಷಣದಿಂದ ಹೀಗೇ," ಎಂದಳು. "ಅದೆರಿತೊ, ಒಂಬತ್ತು ವರ್ಷ ಮನೆ ಎಷ್ಟು ತಣ್ಣಗಿತ್ತು ಗೊತ್ತಾ?"

ಹಾಗೆ ಹೇಳಿದಳು ನಿಜ, ಆದರೆ ಒಳಗೆ ಹೋದ ಮೇಲೆ ಮೂರನೇ ಕುರ್ಚಿಯನ್ನು ಮೇಜಿಗೆ ಎಳೆದ ಸದ್ದು ಕೇಳಿಸಿತು. ಆಮೇಲೆ ಅವಳ ದನಿಯೂ ಜಗಳಕ್ಕೆ ಸೇರಿತು. ತಪ್ಪು ಇಬ್ಬರದೂ ಅಲ್ಲವಂತೆ, ನನ್ನದಂತೆ.