ಪಾರಿವಾಳದ ರೆಕ್ಕೆ ಸದ್ದು

ಕೈರೋದಲ್ಲಿ ಸಿನಿಮಾ ಸಂಗೀತ ಅಂದರೆ ಬಹ್ಗತ್ ಅನ್ನುವ ಕಾಲವೊಂದಿತ್ತು. ಅವನ ಪಿಟೀಲುಗಳು ಶುರುವಾದರೆ ಥಿಯೇಟರಿನ ಹೆಂಗಸರು ಕರವಸ್ತ್ರ ಹುಡುಕುತ್ತಿದ್ದರು. ತಂಗಿ ದುರಿಯಾಗೆ ಕಿವಿಗೊಟ್ಟು ಕೇಳುವುದನ್ನು ಕಲಿಸಿದವನೂ ಅವನೇ. ಆದರೆ ಅವಳು ವಾದ್ಯ ಮುಟ್ಟಲಿಲ್ಲ. ರೆಕಾರ್ಡರ್ ಹಿಡಿದು ತಮ್ಮ ಶುಬ್ರಾ ಬಡಾವಣೆಯ ಗಲ್ಲಿಗಲ್ಲಿ ಅಲೆದಳು. ಗ್ಯಾಸ್ ಮಾರುವವನು ಸಿಲಿಂಡರ್ ಬಡಿಯುವ ಸದ್ದು, ಹಳೇ ಲಿಫ್ಟಿನ ನರಳಾಟ, ಇಂಥವನ್ನೇ ಕೂಡಿಸಿ ಏನೇನೋ ಕಟ್ಟುತ್ತಿದ್ದಳು.

"ನಮ್ಮನೇಲಿ ಒಬ್ಬ ಸಂಗೀತಗಾರ, ಒಬ್ಬಳು ಗುಜರಿಯವಳು," ಎಂದು ಅವನು ನೆಂಟರನ್ನು ನಗಿಸುತ್ತಿದ್ದ. ಅವಳೂ ನಗುತ್ತಿದ್ದಳು.

ನಿರ್ದೇಶಕಿ ನಾಹೆದ್ ತೆಗೆದ ಚಿತ್ರವೊಂದರಲ್ಲಿ, ಗಂಡ ಸತ್ತ ಹೆಂಗಸು ಮಹಡಿ ಮೇಲೆ ಅವನ ಪಾರಿವಾಳಗಳನ್ನು ಗೂಡಿನಿಂದ ಬಿಟ್ಟುಬಿಡುವ ದೃಶ್ಯವಿತ್ತು. ಬಹ್ಗತ್ ಜೀವ ತೇಯ್ದು ಸಂಗೀತ ಬರೆದ. ನಾಹೆದ್ ಕೇಳಿ, "ಚೆನ್ನಾಗಿದೆ ಉಸ್ತಾದ್. ಆದ್ರೆ ಅವಳ ದುಃಖಾನೆಲ್ಲಾ ಪಿಟೀಲೇ ಅತ್ತುಬಿಡ್ತಿದೆ," ಅಂದಳು. ನಾಹೆದ್ ದುರಿಯಾಗೆ ಹೇಳಿಕಳಿಸಿದಳು; ಮರುವಾರ ಆ ಜಾಗಕ್ಕೆ ದುರಿಯಾ ರೆಕಾರ್ಡರಿನಲ್ಲಿ ಹಿಡಿದು ತಂದ ರೆಕ್ಕೆ ಸದ್ದು ಬಂತು. ಬರೀ ರೆಕ್ಕೆ. ಆಮೇಲೆ ಖಾಲಿ ಗೂಡಿನ ಬಾಗಿಲು ಗಾಳಿಗೆ ಬಡಿದುಕೊಳ್ಳುವುದು.

ಸ್ಟುಡಿಯೋದಲ್ಲಿ ಕೂತು ಕೇಳಿದ ಬಹ್ಗತ್‌ನ ಮೈ ಜುಮ್ಮೆಂದಿತು. ಅದರ ಹಿಂದೆಯೇ ಹೊಟ್ಟೆಯಲ್ಲಿ ಕಿಚ್ಚು. ತಾನು ಇಷ್ಟು ವರ್ಷದಲ್ಲಿ ಇಂಥದ್ದೊಂದು ಮಾಡಿಲ್ಲವೆಂದು ಮೊದಲು ಅವನ ಕಿವಿಗೇ ಗೊತ್ತಾಯಿತು.

ನಾಹೆದ್ ಫೋನಿಗೆಂದು ಹೊರಗೆ ಹೋಗಿದ್ದಳು. ದುರಿಯಾ ಅವನ ಕಡೆ ತಿರುಗಿದಳು. "ಹೇಗಿದೆ ಅಣ್ಣ? ನಿಜ ಹೇಳು."

"ಜೋರಾಯ್ತು ಕಣೆ. ತಗ್ಗಿಸು."

ತಗ್ಗಿಸಿದಳು.

"ಇನ್ನೂ."

ಅವನ ಕಿವಿಯನ್ನು ಅವಳು ಎಂದೂ ಅನುಮಾನಿಸಿದವಳಲ್ಲ. ರೆಕ್ಕೆಗಳು ಕೇಳಿಯೂ ಕೇಳದಂತಾದವು. ಒಳಗೆ ಬಂದ ನಾಹೆದ್ ಪರದೆ ನೋಡುತ್ತ ನಿಂತಳು. "ಪಾರಿವಾಳ ಎಲ್ಲಿಗೋದ್ವು?"

"ಅಣ್ಣ ಜೋರಾಯ್ತು ಅಂದ," ಅಂದಳು ದುರಿಯಾ.

ನಾಹೆದ್ ಬಹ್ಗತ್‌ನ ಮುಖವನ್ನೇ ನೋಡಿದಳು. "ಉಸ್ತಾದ್, ಕೆಳಗೆ ಹೋಗಿ ಒಂದು ಚಹಾ ಕುಡಿದು ಬನ್ನಿ."

ದುರಿಯಾ ಅಣ್ಣನ ತಗ್ಗಿದ ತಲೆ ನೋಡಿದಳು. ಸದ್ದನ್ನು ಮೊದಲಿದ್ದಲ್ಲಿಗೆ ಏರಿಸಿದಳು.

ಮೊದಲ ಪ್ರದರ್ಶನದ ದಿನ ಆ ದೃಶ್ಯ ಬಂದಾಗ ಥಿಯೇಟರಿನಲ್ಲಿ ಒಬ್ಬರೂ ಕೆಮ್ಮಲಿಲ್ಲ. ಹೊರಗೆ ಹಳೆಯ ನಟನೊಬ್ಬ ಬಹ್ಗತ್‌ನನ್ನು ತಬ್ಬಿಕೊಂಡ. "ಆ ಪಾರಿವಾಳದ ಜಾಗದಲ್ಲಿ ಅದೇನು ಮಾಡಿದ್ಯೋ ಮಾರಾಯ. ನಿನ್ನ ಕೈಗೆ ಮುತ್ತಿಡಬೇಕು."

ದುರಿಯಾ ಪಕ್ಕದಲ್ಲೇ ಇದ್ದಳು.

"ಎಲ್ಲಾ ದೇವರ ದಯೆ," ಎಂದುಬಿಟ್ಟ ಬಹ್ಗತ್.

ಟ್ಯಾಕ್ಸಿಯಲ್ಲಿ ಅವಳು ಕಿಟಕಿಯಾಚೆ ನೋಡುತ್ತಲೇ, "ಶುಕ್ರವಾರ ಅಮ್ಮನ ಮನೆಗೆ ಊಟಕ್ಕೆ ಬರ್ತೀನಿ ಅಣ್ಣ, ಅದು ತಪ್ಸಲ್ಲ. ಆದ್ರೆ ನಾನು ಮಾಡಿದ್ದನ್ನ ಇನ್ಮೇಲೆ ನಿನಗೆ ಕೇಳಿಸಲ್ಲ," ಅಂದಳು.

ಅಂದಂತೆ ನಡೆದಳು. ಅವಳಿಗೆ ಚಿತ್ರದ ಮೇಲೆ ಚಿತ್ರ ಬಂತು. ಬಹ್ಗತ್ ಯಾರಿಗೂ ಹೇಳದೆ ಪ್ರತಿಯೊಂದಕ್ಕೂ ಟಿಕೆಟ್ ಕೊಂಡು, ಹಿಂದಿನ ಸಾಲಿನಲ್ಲಿ ಕಣ್ಣು ಮುಚ್ಚಿ ಕೂತು, ಎಲ್ಲಾದರೂ ತಪ್ಪು ಸಿಕ್ಕೀತೇ ಎಂದು ಹುಡುಕುತ್ತಿದ್ದ. ಶುಕ್ರವಾರ ಅಮ್ಮ ಮುಲೂಖಿಯಾ ಸೊಪ್ಪಿನ ಸಾರು ಬಡಿಸುವಾಗ, "ಚೆನ್ನಾಗಿತ್ತು ಕಣೆ" ಎನ್ನುವ ಮಾತು ನಾಲಿಗೆಯ ತುದಿಗೆ ಬರುತ್ತಿತ್ತು. ಅನ್ನದ ಜೊತೆ ಅದನ್ನೂ ನುಂಗಿಬಿಡುತ್ತಿದ್ದ.