ಕಲ್ಲಡ್ಕ ಎಂಬ ಹಡಗು

ನನ್ನ ಉಪ್ಪನಿಗೆ, ಹೆತ್ತ ತಂದೆಗೆ, ಇನ್ನೂ ಮಯ್ಯತ್ ನಮಾಝ್ ಆಗಿಲ್ಲ. ಸತ್ತ ಮುಸಲ್ಮಾನನಿಗೆ ಉಳಿದವರು ಮಾಡಬೇಕಾದ ಕೊನೆಯ ಪ್ರಾರ್ಥನೆ ಅದು. ನನಗೀಗ ಎಂಬತ್ತು ದಾಟಿದೆ. ನಾನು ಹೋಗುವ ಮೊದಲು ಅದೊಂದು ಆಗಬೇಕೆಂಬ ಆಸೆ ಹೊತ್ತುಕೊಂಡೇ ದುಬೈಗೆ, ಮಗ ಹಾಶಿಮನ ಮನೆಗೆ ಬಂದೆ. ಉಪ್ಪ ಮುಳುಗಿದ್ದು ಈ ಕಡೆಯ ಸಮುದ್ರದಲ್ಲಿ ಎಂದಷ್ಟೇ ಗೊತ್ತಿತ್ತು.

ಉಪ್ಪ ನಮ್ಮೂರು ಬೆಂಗರೆಯಿಂದ ಬೊಂಬಾಯಿಗೆ ಹೋಗಿ ಸಾಮಾನಿನ ಹಡಗು ಹತ್ತಿದವರು. ಒಲೆಗೆ ಕಲ್ಲಿದ್ದಲು ಎತ್ತಿ ಹಾಕುವ ಕೆಲಸ. ದೊಡ್ಡ ಯುದ್ಧದ ಕಾಲ. ಹಡಗು ಮರಳಲಿಲ್ಲ. ನಮಾಝ್ ಮಾಡಿಬಿಡೋಣ ಎಂದು ಊರಿನ ಹಿರಿಯರು ಬಂದಾಗ ಉಮ್ಮ ಬಾಗಿಲಿಗೆ ಅಡ್ಡ ನಿಂತಳಂತೆ.

"ಸತ್ತದ್ದು ಕಂಡವರು ಯಾರು? ಕಂಡವರು ಬಂದು ಹೇಳಲಿ. ಆಮೇಲೆ ನಮಾಝಿಗೆ ಸಾಲು ಕಟ್ಟಿ."

ಕಂಡವರು ಯಾರೂ ಬರಲಿಲ್ಲ. ಉಮ್ಮ ಬಿಳಿ ಉಡಲಿಲ್ಲ, ಬಳೆ ತೆಗೆಯಲಿಲ್ಲ. ಕಡೆತನಕ ಒಬ್ಬರ ಪಾಲಿನ ಗಂಜಿ ಉಳಿಸಿ ಮುಚ್ಚಿಡುತ್ತಿದ್ದಳು. ಬೆಳಿಗ್ಗೆ ಅದನ್ನು ನಾನು ಉಣ್ಣುತ್ತಿದ್ದೆ.

ಹಡಗಿನ ಹೆಸರು ಕಲ್ಲಡ್ಕ ಎಂದು ಹೇಳುತ್ತಿದ್ದಳು. ಹಾಶಿಮ್ ಫೋನಿನಲ್ಲಿ ಎಷ್ಟು ಹುಡುಕಿದರೂ ನಮ್ಮ ಬಂಟ್ವಾಳದಾಚೆಯ ಕಲ್ಲಡ್ಕ ಪೇಟೆ, ಅಲ್ಲಿನ ಚಹಾದ ಗ್ಲಾಸು ಬರುತ್ತಿತ್ತೇ ಹೊರತು ಹಡಗು ಬರುತ್ತಿರಲಿಲ್ಲ.

ಇಂಟರ್‌ನ್ಯಾಷನಲ್ ಸಿಟಿಯ ಮನೆಯಲ್ಲಿ ಹಗಲೆಲ್ಲ ನಾನೊಬ್ಬನೇ. ಹಾಶಿಮ್ ರಾಸ್ ಅಲ್ ಖೋರ್‌ನ ಗ್ಯಾರೇಜಿಗೆ, ಮೊಮ್ಮಗಳು ಮಿನ್ಹಾ ಆಫೀಸಿಗೆ. ಬಾಲ್ಕನಿಯಲ್ಲಿ ಕುಳಿತರೆ ಎದುರಿನವರ ಬಾಲ್ಕನಿ. ಅಲ್ಲಿ ಒಣಗುವ ಅಂಗಿಗಳ ಗುರುತು ಹಿಡಿದಿದ್ದೇನೆ, ತೊಡುವವರ ಗುರುತಿಲ್ಲ.

ಒಂದು ಸಂಜೆ ಮಿನ್ಹಾ ಪಕ್ಕದಲ್ಲಿ ಬಂದು ಕುಳಿತಳು.

"ಅಜ್ಜ, ನಿಮ್ಮ ಉಮ್ಮ ಆ ಹೆಸರು ಹೇಗೆ ಹೇಳ್ತಿದ್ರೋ ಹಾಗೇ ಹೇಳಿ."

"ಕಲ್ಲಡ್ಕ್ರ. ಕೊನೆಗೆ ಒಂದು 'ಕ್ರ' ಬರ್ತಿತ್ತು. ಅವಳ ಹಲ್ಲು ಹೋಗಿದ್ದಕ್ಕೆ ಅಂತ ನಾವು ನಗಾಡ್ತಿದ್ದೆವು."

ಅವಳು ಫೋನಿನಲ್ಲಿ ಏನೇನೋ ಒತ್ತಿದಳು. "ಓ ಮೈ ಗಾಡ್. ಕಾಲ್ಡರ್ ಕ್ರ್ಯಾಗ್! ಇಟ್ಸ್ ದೇರ್, ಅಜ್ಜ!"

ಅವಳ ಅರ್ಧ ಕನ್ನಡದಲ್ಲಿ ನನಗೆ ತಿಳಿದದ್ದಿಷ್ಟು. ಹಡಗು ಬೊಂಬಾಯಿಯಿಂದ ಬಸ್ರಾಕ್ಕೆ ಹೊರಟಿತ್ತು. ಹೊಟ್ಟೆಯಲ್ಲಿ ಗೋಧಿಹಿಟ್ಟು, ಟಯರು, ಮಿಲಿಟರಿ ಲಾರಿ. ಹಳೇ ಹಡಗು, ಜೊತೆಯ ಹಡಗುಗಳ ಓಟಕ್ಕೆ ಸಮನಾಗದೆ ಹಿಂದೆ ಉಳಿಯಿತು. ಫುಜೈರಾದ ಆಚೆ ನೀರಿನಡಿ ಕಾದಿದ್ದ ಜರ್ಮನಿಯವರ ಸಬ್‌ಮರೀನ್ ಅದನ್ನು ಹೊಡೆಯಿತು. ಪೆಟ್ಟು ಬಿದ್ದದ್ದು ಇಂಜಿನ್ ಕೋಣೆಗೆ. ಕೆಳಗಿದ್ದವರು ಒಬ್ಬರೂ ಮೇಲೆ ಬರಲಿಲ್ಲ. ತಾರೀಕು ಇತ್ತು, ಸತ್ತ ಬಿಳಿ ಸಾಹೇಬರ ಹೆಸರುಗಳೂ ಇದ್ದವು. ಒಲೆಯ ಮುಂದಿದ್ದವರಿಗೆ 'ಇಂಡಿಯನ್ ಕ್ರೂ' ಎಂದಷ್ಟೇ.

"ಅಜ್ಜ, ಆರ್ ಯೂ ಓಕೆ?"

ನನಗೆ ಸಂತೋಷವೇ ಆಗಿತ್ತು. ಕಂಡವರು ಬಂದು ಹೇಳಿದ ಹಾಗಾಯಿತು. ಇನ್ನು ಉಮ್ಮನ ಅಡ್ಡಿಯಿಲ್ಲ.

ಶುಕ್ರವಾರ ಹಾಶಿಮ್ ನನ್ನನ್ನು ಮುರಕ್ಕಬಾತ್‌ಗೆ ಕರೆದುಕೊಂಡು ಹೋದ. ನಮ್ಮ ಕಡೆಯವರ ಹೋಟೆಲಿನಲ್ಲಿ ಝಿಯಾದ್ ಉಸ್ತಾದ್ ಸಿಗುತ್ತಾರೆ. ಧರ್ಮದ ಕಿತಾಬು ಓದಿದವರು. ಎಲ್ಲ ಕೇಳಿ ಅವರು ಚಹಾದ ಗ್ಲಾಸು ಕೆಳಗಿಟ್ಟರು.

"ಆ ದಿನ ನಿಮಗೆಷ್ಟು ಪ್ರಾಯ, ಅಜ್ಜ?"

"ತೊಟ್ಟಿಲಲ್ಲಿದ್ದೆ."

"ಹಾಗಾದ್ರೆ ನಿಮ್ಮಿಂದ ಆಗೋದಿಲ್ಲ. ಕಣ್ಣೆದುರು ಇಲ್ಲದ ಮಯ್ಯತ್‌ಗೆ ನಮಾಝ್ ಮಾಡುವವರು, ಆ ಸಾವಿನ ದಿನವೇ ಪ್ರಾಯಕ್ಕೆ ಬಂದವರಾಗಿರಬೇಕು."

ಹಾಶಿಮನಿಗೆ ಸಿಟ್ಟು ಬಂತು. "ಇದೆಂಥ ಉಸ್ತಾದ್! ತಾರೀಕು ಸಿಕ್ಕಿದ್ದೇ ತಪ್ಪಾಯ್ತಾ?"

"ನಾನು ಮಾಡಿದ್ದಲ್ಲ ಮಾರಾಯ. ನಮ್ಮ ಶಾಫಿ ಪಂಗಡದ ಕಿತಾಬಿನಲ್ಲಿ ಇರುವುದು."

"ಹನಫಿಗಳ ಹತ್ರ ಕೇಳ್ತೇನೆ."

"ಕೇಳು. ಅವರಲ್ಲಿ ಎದುರಿಲ್ಲದ ಮಯ್ಯತ್‌ಗೆ ನಮಾಝೇ ಇಲ್ಲ, ಖಲಾಸ್." ಆಮೇಲೆ ಸ್ವರ ತಗ್ಗಿಸಿ ನನಗೆ ಹೇಳಿದರು, "ನೀವು ದುಆ ಮಾಡಿ, ಅದಕ್ಕೆ ತಡೆಯಿಲ್ಲ. ನಮಾಝ್ ಆಗಲೇಬೇಕು ಅಂದ್ರೆ ಆ ದಿನ ಪ್ರಾಯಕ್ಕೆ ಬಂದಿದ್ದವರು ಯಾರಾದರೂ ಬದುಕಿರಬೇಕು. ಹೆಂಗಸಾದರೂ ಆಯ್ತು."

ಕಾರಿನಲ್ಲಿ ನನಗಿಂತ ಹಿರಿಯರನ್ನು ಒಬ್ಬೊಬ್ಬರಾಗಿ ನೆನೆದೆ. ಎಲ್ಲರನ್ನೂ ಮಣ್ಣಿಗಿಟ್ಟು ಬಂದವನು ನಾನೇ. ಉಳಿದದ್ದು ಒಬ್ಬಳು, ಉಪ್ಪನ ತಂಗಿ ಬೀಪಾತು ಮಾಮಿ. ಹಡಗು ಹೋದ ವರ್ಷ ಅವಳ ನಿಕಾಹ್‌ಗೆ ಮಾತು ನಡೆದಿತ್ತು. ಈಗ ನೂರರ ಹತ್ತಿರ. ಬೆಂಗರೆಯಲ್ಲಿ ಮಂಚ ಹಿಡಿದಿದ್ದಾಳೆ. ನೆನಪು ಬಂದು ಹೋಗಿ ಮಾಡುತ್ತದೆ.

ಮನೆಗೆ ಬಂದವರೇ ಫೋನಿನ ಬೋಟಿಮ್‌ನಲ್ಲಿ ಮುಖ ಕಾಣುವ ಹಾಗೆ ಕರೆದೆವು. ಅವಳ ಸೊಸೆ ಸಕೀನ ಫೋನ್ ಹಿಡಿದುಕೊಂಡಳು.

"ಯಾರು, ಹಮೀದನಾ? ನೀನಿನ್ನೂ ಸಾಯ್ಲಿಲ್ವಾ?"

"ದೊಡ್ಡವರು ಮೊದಲು ಅಂತ ನಿನಗೆ ಕಾಯ್ತಿದ್ದೇನೆ, ಮಾಮಿ."

"ಕಾಯಿ, ಕಾಯಿ. ನನಗೇನೂ ಅರ್ಜೆಂಟಿಲ್ಲ."

ವಿಷಯ ಹೇಳಿದೆ. ಅವಳ ಮುಖ ಸಣ್ಣದಾಯಿತು. ಪಿಸುಮಾತಿನಲ್ಲಿ ಕೇಳಿದಳು.

"ಅಣ್ಣನಿಗೆ ನಮಾಝಾ? ನಿನ್ನ ಉಮ್ಮ ಬಿಡ್ತಾಳಾ?"

"ಉಮ್ಮ ತೀರಿಹೋಗಿ ಎಷ್ಟೋ ವರ್ಷ ಆಯ್ತಲ್ಲ, ಮಾಮಿ."

"ಸುಳ್ಳು. ಈಗ ಒಳಗೆ ಇದ್ದಳು." ಬಾಗಿಲಿನ ಕಡೆ ನೋಡಿದಳು. "ಬೇಗ ಮುಗಿಸ್ತೇನೆ. ಅವಳಿಗೆ ಹೇಳ್ಬೇಡ."

ಸಕೀನ ಅವಳ ಕೈಕಾಲು ಮುಖ ತೊಳೆಸಿ, ತಲೆಗೆ ಮಕ್ಕನ ಹಾಕಿ, ನಮಾಝಿನ ದಿಕ್ಕು ಕಿಬ್ಲಾದ ಕಡೆಗೆ ದಿಂಬಿಗೆ ಒರಗಿಸಿದಳು. ಫೋನು ಕಿಟಕಿಯ ಮೇಲಿತ್ತು. ಈ ನಮಾಝಿಗೆ ನಾಲ್ಕು ತಕ್ಬೀರ್, ನಾಲ್ಕು ಸಲ 'ಅಲ್ಲಾಹು ಅಕ್ಬರ್'. ಬೀಪಾತು ಮಾಮಿ ಕೈ ಎತ್ತಿದಳು. ಒಂದು ತಕ್ಬೀರ್. ತುಟಿ ಅಲುಗಿತು. ಎರಡನೆಯದು. ಮೂರನೆಯದು. ಆಮೇಲೆ ತುಟಿ ನಿಂತಿತು. ಕಣ್ಣು ಮುಚ್ಚಿತ್ತು. ನಿದ್ದೆ ಬಂತೋ, ಮರೆತಳೋ ತಿಳಿಯಲಿಲ್ಲ. ಸಕೀನ ಮುಂದೆ ಬಂದು ಹಿಂದೆ ಸರಿದಳು.

ಇಲ್ಲಿ ಹಾಶಿಮ್ ಅವಳಿಗೆ ನೆನಪಿಸಲು ಬಾಯಿ ತೆರೆದ. ನಾನು ಅವನ ಕೈ ಹಿಡಿದೆ. ನಮಾಝಿಗೆ ಕಟ್ಟುವ ಹಾಗೆ ನನ್ನ ಕೈ ತಾನಾಗಿ ಎದೆಗೆ ಹೋಗುತ್ತಿತ್ತು, ಕೆಳಗೇ ಇಟ್ಟುಕೊಂಡೆ. ಆ ಸಾಲಿನಲ್ಲಿ ನಾನಿಲ್ಲ. ಇಡೀ ಲೋಕದಲ್ಲಿ ಆ ಮುದುಕಿ ಒಬ್ಬಳೇ ಸಾಲು.

ನಾಲ್ಕನೆಯ ತಕ್ಬೀರ್ ಬಂತು. ಉಸಿರಿನಷ್ಟೇ, ಆದರೂ ಕೇಳಿಸಿತು. ಬಲಕ್ಕೆ ಸಲಾಂ ಹೇಳಿದಳು, ಎಡಕ್ಕೆ ಹೇಳಿದಳು. ಆಮೇಲೆ ಫೋನಿನ ಕಡೆ ತಿರುಗಿದಳು.

"ಆಯ್ತು. ಇನ್ನು ಅತ್ತಿಗೆಗೆ ಗೊತ್ತಾಗ್ತದಲ್ಲ ಹಮೀದ. ಗಂಜಿ ಮುಚ್ಚಿಡ್ಲಿಕ್ಕೆ ಬಂದಾಗ ಯಾರು ಹೇಳುವುದು? ನನಗೆ ಹೆದರಿಕೆ. ನೀನೇ ಹೇಳು."

"ಹೇಳ್ತೇನೆ, ಮಾಮಿ," ಎಂದೆ.