ಕ್ಷಮಿಸಿದ ಹೆಂಡತಿ

ಬಾಗಿಲು ತೆಗೆದ ಕೆಲಸದವಳನ್ನು ಪಕ್ಕಕ್ಕೆ ಸರಿಸಿ ಬೊರ್ತೊಲಾ ನೇರ ಒಳಗೆ ನುಗ್ಗಿದಳು. ನಾಟಕಕಾರ ಅಲ್ವೀಸೆ ಬಿಸಿ ಚಾಕೊಲೇಟು ಕುಡಿಯುತ್ತ ಕೂತಿದ್ದ.

"ನನ್ನ ಮನೆ ಜಗಳಾನ ನಿಮಗೆ ಯಾರು ಕೊಟ್ರು ಸ್ವಾಮಿ?"

ಅವನ ಕಿಟಕಿಗೂ ಅವಳ ಹೊಸ್ತಿಲಿಗೂ ನಡುವೆ ಒಂದು ಸಣ್ಣ ಕಾಲುವೆ ಅಷ್ಟೆ. ಪಕ್ಕದ ಮುರಾನೊ ದ್ವೀಪದಲ್ಲಿ ಇನ್ನೊಬ್ಬಳನ್ನು ಇಟ್ಟುಕೊಂಡಿದ್ದ ದೋಣಿಕಾರ ಗಂಡ ಮೇನೆಗೊನನ್ನು ಅವಳು ಬೈದು ಹೊರಗಟ್ಟಿದ್ದು ಆ ಹೊಸ್ತಿಲಲ್ಲೇ. ಆ ಒಂದೊಂದು ಬೈಗುಳವನ್ನೂ ನಿನ್ನೆ ಸಂಜೆ ರಂಗದ ಮೇಲೆ ನಟಿಯೊಬ್ಬಳು ಆಡಿದ್ದಳು. ಕೆಳಗೆ ಜನರ ನಡುವೆ ನಿಂತು ಬೊರ್ತೊಲಾ ತನ್ನ ಮಾತನ್ನು ತಾನೇ ಕೇಳಿದ್ದಳು.

"ಹೆಸರು ಬದಲಾಯಿಸಿದ್ದೀನಲ್ಲಮ್ಮ," ಎಂದ ಅಲ್ವೀಸೆ. "ಮುಖವಾಡ ಹಾಕ್ಕೊಂಡು, ದೊಣ್ಣೇಲಿ ಬಡಿದಾಡಿ ನಗಿಸ್ತಿದ್ದ ನಾಟಕ ಸಾಕು ಅಂತ ನಾನು ನಿಜವಾದ ಜನರನ್ನ ತಂದೆ. ನಿನ್ನ ಮಾತಿಗೆ ಎಷ್ಟು ಚಪ್ಪಾಳೆ ಬಿತ್ತು, ನೋಡ್ಲಿಲ್ವಾ?"

"ಮಾತು ನೀವೇ ಇಟ್ಕೊಳ್ಳಿ. ಬೈಗುಳಕ್ಕೇನು, ನನ್ನ ಹತ್ರ ಬೇಕಾದಷ್ಟಿದೆ. ನಾಟಕದ ಕೊನೇಲಿ ಆ ಹೆಂಡತಿ ಗಂಡನ್ನ ಕ್ಷಮಿಸಿ ತಬ್ಕೊಂಡ್ಳಲ್ಲ, ಅದನ್ನ ಯಾವ ಕಿಟಕಿಯಿಂದ ನೋಡಿದ್ರಿ?"

ಅಲ್ವೀಸೆ ಬಟ್ಟಲು ಕೆಳಗಿಟ್ಟ. "ಅದು ಹಾಸ್ಯ ನಾಟಕ ಕಣಮ್ಮ. ಜನ ನಗ್ತಾ ಮನೆಗೆ ಹೋಗ್ಬೇಕು."

"ಹೋದ್ರು. ಬೆಳಗಾದ್ಮೇಲೆ ನನ್ನ ಮನೆಗೂ ಬಂದ್ರು. ನಾಟಕದವಳೇ ಕ್ಷಮಿಸಿದ್ಳು, ನಿಂಗೇನು ದಾಡಿ ಅಂದ್ರು. ಪಾದ್ರಿನೂ ಅದನ್ನೇ ಹೇಳ್ದ. ಆ ಕೊನೇನ ಇವತ್ತೇ ತೆಗೀರಿ."

"ಆಗಲ್ಲ. ನಟರು ಬಾಯಿಪಾಠ ಮಾಡಿದ್ದಾರೆ. ಬಾಯಿಗೆ ಬಂದದ್ದು ಆಡೋ ಕಾಲ ಹೋಯ್ತು."

ಅವಳಿಗೆ ಆ ಬಟ್ಟಲನ್ನು ಎತ್ತಿ ಅವನ ಮುಖಕ್ಕೆ ಎರಚಬೇಕೆನಿಸಿತು. ಕೈ ಮುಷ್ಟಿ ಕಟ್ಟಿಕೊಂಡು ಹೊರಟುಬಿಟ್ಟಳು.

ಸೇತುವೆ ಇಳಿಯುವಾಗಲೇ ಮೇನೆಗೊ ಕಾಣಿಸಿದ. ಗಡ್ಡ ಬೋಳಿಸಿಕೊಂಡು, ಟೋಪಿ ಕೈಯಲ್ಲಿ ಹಿಡಿದು ಅವಳ ಬಾಗಿಲಲ್ಲಿ ನಿಂತಿದ್ದ. ಅಕ್ಕಪಕ್ಕದ ಕಿಟಕಿಗಳಲ್ಲೆಲ್ಲ ಹೆಂಗಸರ ತಲೆಗಳು.

"ಬೈಯೇ, ಇನ್ನೂ ಬೈ," ಎಂದು ಅವನು ಎದೆಗೆ ಕೈಯಿಟ್ಟುಕೊಂಡ. "ನಿನ್ನ ಬೈಗುಳ ಕೇಳ್ದೆ ನನಗೆ ಊಟ ಸೇರ್ತಿಲ್ಲ."

ಮೇಲಿನಿಂದ ಯಾರೋ ಚಪ್ಪಾಳೆ ತಟ್ಟಿದರು. ನಿನ್ನೆಯ ನಟ ಆಡಿದ್ದ ಮಾತು ಅದು, ಒಂದಕ್ಷರವೂ ಆಚೀಚೆಯಿಲ್ಲ. ಎದೆಗೆ ಕೈಯಿಟ್ಟದ್ದೂ ಅವನ ಹಾಗೆಯೇ.

"ಒಂದಾದ್ರೂ ಮಾತು ನಿಂದು ಹೇಳು," ಎಂದಳು ಬೊರ್ತೊಲಾ.

ಮೇನೆಗೊ ಬಾಯಿ ತೆರೆದ. ಕಿಟಕಿಗಳತ್ತ ನೋಡಿದ. ಕೈ ಮತ್ತೆ ಎದೆಗೇ ಹೋಯಿತು.

ಅವಳು ಅವನನ್ನು ದಾಟಿ ಒಳಹೋಗಿ ಅಗುಳಿ ಹಾಕಿದಳು. ಹೊರಗೆ ಅವನು ಅದೇ ಮಾತನ್ನು ಇನ್ನೊಂದು ಸಲ, ಎಲ್ಲರಿಗೂ ಕೇಳುವಂತೆ, ಗಟ್ಟಿಯಾಗಿ ಹೇಳುತ್ತಿದ್ದ. ಒಲೆ ಹೊತ್ತಿಸಿ ನೀರಿಟ್ಟಳು. ಕುದಿ ಬಂದಾಗ ಒಬ್ಬಳಿಗೆ ಸಾಕಾಗುವಷ್ಟು ಮೆಕ್ಕೆಜೋಳದ ಹಿಟ್ಟು ಸುರಿದು, ಗಂಟಾಗದಂತೆ ತಿರುವತೊಡಗಿದಳು.